ಹುಲಿಗೆಮ್ಮನ ಪಟ್ಟಿ

"ಸೊಂಟ ಮುರದೈತಿ ಅಂತ ಕೋರ್ಟಿಗೆ ಹೋಕ್ಕಿ, ಕೂಲಿಗೆ ನನ್ನ ಗದ್ದಿಗೇ ಬರ್ತಿ. ಎರಡೂ ಕಡಿ ಮೇಯಾಕ ನೀನೇನು ದೇವರಿಗೆ ಬಿಟ್ಟ ಎಮ್ಮೇನಬೇ, ರಂಡೆ?"

ಅಮರೇಗೌಡ ಬೈಕಿನಿಂದ ಇಳಿಯದೆಯೇ ಬೈದ. ಒಡ್ಡಿನ ಮೇಲೆ ಕಾಲು ಚಾಚಿ ಕೂತಿದ್ದ ಹುಲಿಗೆಮ್ಮ ಸಸಿಯ ಕಟ್ಟೊಂದನ್ನು ಕೆಸರಿನಲ್ಲಿದ್ದ ಹೆಂಗಸರತ್ತ ಎಸೆದಳು. ಅಷ್ಟು ಮಾತ್ರ ಅವಳ ಕೈಲಿ ಇನ್ನೂ ಆಗುತ್ತಿತ್ತು.

ಎರಡು ವರ್ಷದ ಹಿಂದೆ ನಾಟಿಗೆ ಹೊರಟಿದ್ದ ಇದೇ ಹೆಂಗಸರ ಆಟೋಕ್ಕೆ ಗೌಡನ ಟಿಪ್ಪರ್ ಗುದ್ದಿತ್ತು. ಉಳಿದವರು ತರಚುಗಾಯದಲ್ಲಿ ಪಾರಾದರು. ಹುಲಿಗೆಮ್ಮನ ಸೊಂಟ ಮುರಿದು, ಆಸ್ಪತ್ರೆಯಲ್ಲಿ ಒಳಗೆ ರಾಡು ಹಾಕಿದರು. ಏಳುವುದು ಕಷ್ಟ, ಬಾಗುವುದಂತೂ ಮುಗಿದ ಮಾತು. ಆದರೂ ಗುಂಪು ಅವಳನ್ನು ಬಿಡಲಿಲ್ಲ. ಗದ್ದೆಯಲ್ಲಿ ಒಬ್ಬೊಬ್ಬಳಿಗೆ ಈ ತುದಿಯಿಂದ ಆ ತುದಿಗೆ ಒಂದೊಂದು ಪಟ್ಟಿ; ಕೈಲಾಗದವಳ ಪಟ್ಟಿಯನ್ನು ಉಳಿದವರು ಹಂಚಿಕೊಂಡು ನೆಡುವುದು ಇವರಲ್ಲಿ ಹಿಂದಿನಿಂದ ಬಂದ ರೂಢಿ. ಬಸುರಿಗೂ ಅಷ್ಟೆ, ಬಾಣಂತಿಗೂ ಅಷ್ಟೆ. ಒಡ್ಡಿನ ಮೇಲೆ ಕೂತು ಪದ ಹೇಳಿದರೆ ಸಾಕು, ಅವಳೂ ಒಂದು ಆಳು.

ಹುಲಿಗೆಮ್ಮ ಪರಿಹಾರಕ್ಕೆ ಕೇಸು ಹಾಕಿದಾಗ ಆ ರೂಢಿಯೇ ಕುತ್ತಿಗೆಗೆ ಬಂತು. ಟಿಪ್ಪರಿನ ವಿಮಾ ಕಂಪನಿಯವನೊಬ್ಬ ತಾನು ಯಾರೆಂದು ಹೇಳದೆ ನಗುನಗುತ್ತ ಗದ್ದೆಗೆ ಬಂದು, "ಹುಲಿಗೆಮ್ಮ ಕೆಲಸಕ್ಕ ಬರ್ತಾಳೇನ್ರಿ?" ಎಂದು ಕೇಳಿದ. ಇವನು ಗೌಡನ ಕಡೆಯವನು, ಅವಳ ಕೂಲಿ ಕತ್ತರಿಸಲು ಬಂದಿದ್ದಾನೆ ಎಂದುಕೊಂಡಳು ಗುಂಪಿನ ಹುಸೇನಮ್ಮ. "ಬರದಂಗ ಏನ್ ಮಾಡ್ತಾಳ? ನಮಗಿಂತ ಒಂದು ಕೈ ಮುಂದ ಅದಾಳ!" ಎಂದುಬಿಟ್ಟಳು. ಅವನ ಫೋನು ಅದನ್ನೆಲ್ಲ ನುಂಗಿತು. ಕೋರ್ಟಿನಲ್ಲಿ ಅದನ್ನೇ ತೋರಿಸಿದರು, ಗೌಡನೂ ಸಾಕ್ಷಿ ಹೇಳಿದ. ದುಡಿಮೆಗೇನೂ ನಷ್ಟವಾಗಿಲ್ಲ ಎಂದು ಆಸ್ಪತ್ರೆಯ ಖರ್ಚಿಗೂ ಸಾಲದಷ್ಟು ಪರಿಹಾರ ಬರೆದರು.

ಹೆಚ್ಚಿನ ಪರಿಹಾರಕ್ಕೆ ಹೈಕೋರ್ಟಿಗೆ ಅಪೀಲು ಹಾಕಿದ ವಕೀಲ, "ತೀರ್ಪು ಬರೋತನ ಗದ್ದಿ ಕಡಿ ಹೋಗಬ್ಯಾಡ" ಎಂದಿದ್ದ.

"ಎಷ್ಟು ದಿನ ಸಾಹೇಬ್ರ?"

"ಎರಡು ವರ್ಷ. ಮೂರೂ ಆಗಬಹುದು."

"ಅಲ್ಲೀತನ ಮಣ್ಣು ತಿನ್ಲ್ಯಾ?"

ವಕೀಲ ಬೇರೆ ಫೈಲು ಬಿಚ್ಚಿದ. ಹುಲಿಗೆಮ್ಮ ಎಂಟು ದಿನ ಮನೆಯಲ್ಲಿ ಕೂತಳು. ಒಂಬತ್ತನೆಯ ದಿನ ಹಿಟ್ಟಿನ ಡಬ್ಬಿ ಖಾಲಿಯಾಯಿತು, ಆಟೋ ಹತ್ತಿದಳು.

ಗೌಡ ಈಗ ಫೋನು ಹೊರತೆಗೆದು ಅವಳತ್ತ ಹಿಡಿದ. "ಡ್ರೈವರಗ ಲೈಸೆನ್ಸ್ ಇದ್ದಿಲ್ಲಂತ, ಕಂಪನಿ ಕೊಟ್ಟಿದ್ದನ್ನ ನನ್ನ ಕಡಿಂದ ವಸೂಲ್ ಮಾಡ್ತೈತಿ. ಹೆಚ್ಚಾದ್ರ ಅದೂ ನನ್ನ ತಲಿಗೇ. ಅಪೀಲು ವಾಪಸ್ ತಗೋ. ಇಲ್ಲಾಂದ್ರ ಈ ವಿಡಿಯೋನೂ ಕೋರ್ಟಿಗೆ ಹೋಕ್ಕೈತಿ. ನಾಳಿಂದ ನಿಮ್ಮ ಕೇರ್‍ಯಾಗಿನ ಒಂದು ನಾಯಿನೂ ನನ್ನ ಗದ್ದಿ ತುಳಿಯಂಗಿಲ್ಲ."

ಮನೆಯಲ್ಲಿ ಕೂತರೆ ಹೊಟ್ಟೆಗಿಲ್ಲ, ಇಲ್ಲಿ ಕೂತರೆ ಕೇಸು ಉಳಿಯುವುದಿಲ್ಲ, ಅಪೀಲು ಬಿಡದಿದ್ದರೆ ಗುಂಪಿನ ಹದಿನಾಲ್ಕು ಮನೆಯ ಅನ್ನಕ್ಕೆ ಕಲ್ಲು. ಹುಲಿಗೆಮ್ಮನಿಗೆ ಅಳು ಬರಲಿಲ್ಲ, ಮೈಯೆಲ್ಲ ಉರಿಯಿತು.

ಕುಂಡೆಯ ಮೇಲೆ ಜಾರುತ್ತ ಒಡ್ಡಿನಿಂದ ಕೆಸರಿಗಿಳಿದಳು.

"ಹುಸೇನಿ, ನನ್ನ ಪಟ್ಟಿ ಬಿಡ್ರಿ. ಒಂದು ಸಸಿನೂ ಹಚ್ಚಬ್ಯಾಡ್ರಿ."

"ಹುಚ್ಚು ಹಿಡದೈತೇನಬೇ ಅಕ್ಕಾ? ಕೂಲಿ ಹೋಕ್ಕೈತಿ."

"ಹೋಗ್ಲಿ. ನಾ ಎಷ್ಟು ಹಚ್ತೀನಿ ಅನ್ನೋದು ಎಲ್ಲಾರ ಕಣ್ಣಿಗೂ ಕಾಣ್ಲಿ. ಬಿಡ್ರಿ ಅಂದೆ."

ಹುಸೇನಮ್ಮನ ಮುಖ ಸಣ್ಣದಾಯಿತು. ಕೋರ್ಟಿನಲ್ಲಿ ಕೇಳಿಸಿದ ತನ್ನ ದನಿ ಅವಳಿನ್ನೂ ಮರೆತಿರಲಿಲ್ಲ. ಹುಲಿಗೆಮ್ಮನ ಪಟ್ಟಿಗೆ ಚಾಚಿದ್ದ ಕೈಯನ್ನು ಹಿಂದಕ್ಕೆ ತೆಗೆದುಕೊಂಡಳು.

ಹುಲಿಗೆಮ್ಮ ಕಷ್ಟಪಟ್ಟು ಎದ್ದು ನಿಂತು, ಕೈಯಲ್ಲಿ ಸಸಿ ಹಿಡಿದು ಬಾಗಿದಳು. ಅರ್ಧಕ್ಕೆ ರಾಡು ತಡೆಯಿತು. ಬಿದ್ದ ರಭಸಕ್ಕೆ ಬಾಯಿಗೆಲ್ಲ ಕೆಸರು ತುಂಬಿತು. ಸಸಿ ನೀರಿನ ಮೇಲೆ ತೇಲಿತು. ಎತ್ತಲು ಓಡಿಬಂದವರಿಗೆ, "ಮುಟ್ಟಬ್ಯಾಡ್ರಿ!" ಎಂದು ಕೂಗಿದಳು.

ಗೌಡ ಫೋನು ಕೆಳಗಿಳಿಸಿದ್ದ.

"ಯಾಕ ನಿಂದ್ರಿಸಿದಿ? ತಗಿಯೋ ಬಾಡ್ಯಾ, ಚಂದಗ ತಗಿ! ಹೈಕೋರ್ಟಿಗೆ ಇದನ್ನ ಕಳಸು!"

ಅವಳ ಬಾಯಲ್ಲಿ ಗೌಡನಿಗೆ ಏಕವಚನ ಬಂದದ್ದು ಅದೇ ಮೊದಲು. "ಯಾವಳಿಗೂ ಇವತ್ತು ಕೂಲಿ ಇಲ್ಲ!" ಎಂದು ಗೌಡ ಅರಚಿದ. ಯಾರೂ ಬೆನ್ನು ನೆಟ್ಟಗೆ ಮಾಡಲಿಲ್ಲ. ಕೂಲಿ ಹೋದರೂ ಅವಳ ಪಟ್ಟಿ ಎದ್ದು ಕಾಣಲಿ ಎಂದು, ಬಾಗಿದವರು ಬಾಗಿಕೊಂಡೇ ಹಿಂದೆ ಹಿಂದೆ ಸರಿಯುತ್ತ ತಮ್ಮ ತಮ್ಮ ಪಟ್ಟಿ ನೆಟ್ಟರು.

ಹೊತ್ತು ಇಳಿಯುವಾಗ ಗದ್ದೆಯೆಲ್ಲ ಹಸಿರಾಗಿತ್ತು. ನಡುವೆ ಒಂದು ಪಟ್ಟಿ ಮಾತ್ರ ಈ ತುದಿಯಿಂದ ಆ ತುದಿಗೆ ಬರಿಯ ಕರಿ ಕೆಸರು. ರಸ್ತೆಯಲ್ಲಿ ಹೋಗುವವರೂ ಬೈಕು ನಿಲ್ಲಿಸಿ ನೋಡುತ್ತಿದ್ದರು. ಅದರ ತಲೆಗೆ ಹುಲಿಗೆಮ್ಮ ಸೊಂಟದವರೆಗೆ ಕೆಸರಿನಲ್ಲಿ ಕೂತಿದ್ದಳು.