ಕತ್ತರಿಸದ ಉಸಿರು

ಕಡಲಹಕ್ಕಿ ಕೂಗಿತು, ಅಲ್ಲ, ಸ್ಟುಡಿಯೋದ ಕಿಟಕಿಯಾಚೆ ವಾಲ್ಪರೈಸೊ ಬಂದರು ಸುಮ್ಮನಿದೆ, ಇದು ಹೆಡ್‌ಫೋನಿನೊಳಗಿನ ಹಕ್ಕಿ, ಎರಡು ತಿಂಗಳ ಹಿಂದಿನದು, ಚಿತ್ರದ ಎಪ್ಪತ್ತನಾಲ್ಕನೆಯ ನಿಮಿಷದ್ದು, ಈಗ ಮೆಟ್ಟಿಲು ಬರುತ್ತದೆ, ನೂರಾ ಅರವತ್ತು ಮೆಟ್ಟಿಲು, ಮುದುಕ ನಟ ದೋನ್ ಅನ್ಸೆಲ್ಮೊ ಹತ್ತುತ್ತಾರೆ, ಅವರ ಬೆನ್ನಿಗೆ ಕ್ಯಾಮರಾ, ಕ್ಯಾಮರಾದ ಪಕ್ಕ ಮೈಕಿನ ಕೋಲು ಹಿಡಿದ ನಾನು — ತೊಂಬತ್ತು ನಿಮಿಷ, ಒಂದೇ ಶಾಟ್, ಎಲ್ಲೂ ಕತ್ತರಿ ಹಾಕುವಂತಿಲ್ಲ, ಅದು ನಿರ್ದೇಶಕ ಗಾಸ್ಪರನ ಹಟ, ಆಗೊಂದು ಸೋಮವಾರ ಎಂಬತ್ತನೆಯ ನಿಮಿಷದಲ್ಲಿ ನನ್ನ ಕೋಲಿನ ನೆರಳು ಗೋಡೆಗೆ ಬಿದ್ದು ಎಲ್ಲ ಹಾಳಾಯಿತು, ಅವನು ಬಯ್ಯಲಿಲ್ಲ, ಬಯ್ದಿದ್ದರೆ ಚೆನ್ನಾಗಿತ್ತು, ಮುಖ ಮುಚ್ಚಿಕೊಂಡು ಕೂತುಬಿಟ್ಟ, ದೋನ್ ಅನ್ಸೆಲ್ಮೊ ಮಾತ್ರ ಬೆನ್ನು ತಟ್ಟಿದರು, ಹೋಗ್ಲಿ ಬಿಡು ಮಗಳೇ, ನಾಳೆ ಇನ್ನೊಂದ್ಸಲ ಸಾಯ್ತೀನಿ, ಏನೀಗ — ಕಥೆಯಲ್ಲಿ ಅವರು ಕೊನೆಯ ಮೆಟ್ಟಿಲಲ್ಲಿ ಕೂತು ಸಾಯಬೇಕಿತ್ತು.

ನಾಳೆ ಬಂತು, ಎಲ್ಲರಿಗೂ ಕಂಡದ್ದು ಬೆನ್ನು, ನನಗೆ ಕೇಳಿದ್ದು ಎದೆ, ಅಂಗಿಯೊಳಗೆ ಅಂಟಿಸಿದ ಪುಟ್ಟ ಮೈಕು ನನ್ನೊಬ್ಬಳ ಕಿವಿಗೆ, ನಲವತ್ತನೆಯ ಮೆಟ್ಟಿಲಿಗೆ ಉಸಿರು ತುಂಡುತುಂಡಾಯಿತು, ನೂರಕ್ಕೆ ಒಳಗೇನೋ ಗೊರಗುಟ್ಟಿತು, ಆಮೇಲೆ ಪಿಸುಮಾತು, ಮಗಳೇ, ಆಗ್ತಿಲ್ಲ ಕಣೇ — ಚಿತ್ರಕಥೆಯಲ್ಲಿ ಆ ಮಾತಿಲ್ಲ, ಅದರಲ್ಲಿ ಅವರಿಗೆ ಮಗಳೂ ಇಲ್ಲ, ನನಗೆ ಗೊತ್ತಿತ್ತು, ನಿಲ್ಲಿಸಿ ಅಂದಿದ್ದರೆ ಸಾಕಿತ್ತು, ಬಾಯಿ ಬಿಡಲಿಲ್ಲ, ಮತ್ತೆ ನನ್ನಿಂದಲೇ ಹಾಳಾಗಬಾರದು ಅಂದುಕೊಂಡೆ, ಅಷ್ಟೇ, ಅವರು ಮೇಲೆ ಹೋಗಿ ಕೂತರು, ಕ್ಯಾಮರಾ ಅವರನ್ನು ದಾಟಿ ಕಡಲಿಗೆ ತಿರುಗಿತು, ಗಾಸ್ಪರ್ ಆಯ್ತು ಎಂದ, ಎಲ್ಲರೂ ತಬ್ಬಿಕೊಂಡರು, ನನ್ನ ಕಿವಿಯಲ್ಲಿ ಮಾತ್ರ ಅವರ ಉಸಿರು ನಿಂತಿತ್ತು. ಮಣ್ಣು ಮಾಡಿದ ದಿನ ಅವರ ಹೆಂಡತಿ ದೋನ್ಯಾ ಎಲ್ಸಿರಾ ಕೇಳಿದರು, ನಿಂಗೆಲ್ಲ ಕೇಳ್ಸುತ್ತಂತಲ್ಲಮ್ಮ, ಕೊನೇಲಿ ಏನಾದ್ರೂ ಅಂದ್ರಾ, ನಿಮ್ಮ ಹೆಸರು ಹೇಳಿದರು ಅಂದೆ, ಎಲ್ಲಿಂದ ಬಂತೋ ಆ ಸುಳ್ಳು, ಆಕೆ ಅದನ್ನೇ ನೆಚ್ಚಿಕೊಂಡು ಇವತ್ತು ಮಧ್ಯಾಹ್ನ ಬಂದರು, ಒಂದೇ ಒಂದ್ಸಲ ಕೇಳ್ಸು, ಸಾಕು, ಏನೆಂದು ತಪ್ಪಿಸಿಕೊಳ್ಳಲಿ, ಹೆಡ್‌ಫೋನ್ ಕೊಟ್ಟೆ, ಕಣ್ಣು ಮುಚ್ಚಿ ಕೇಳಿದರು, ತೆಗೆದು ಮೆಲ್ಲಗೆ ಮೇಜಿನ ಮೇಲಿಟ್ಟರು, ನಿನ್ನನ್ನೇ ಕರೆದ್ರಲ್ಲಮ್ಮ ಅಂದರು, ಚೀಲ ಎತ್ತಿಕೊಂಡು ಹೋದರು. ಆ ಉಸಿರನ್ನು ಹಾಗೇ ಇಡು, ಎಷ್ಟು ನಿಜ ಅನ್ಸುತ್ತೆ ಎನ್ನುತ್ತಾನೆ ಗಾಸ್ಪರ್, ನನಗೆ ಆಗಲೇ ಗೊತ್ತಿತ್ತೆಂದು ಅವನಿಗೆ ಹೇಳಿಲ್ಲ, ಹೇಳಬೇಕು, ಮತ್ತೆ ಹಿಂದಕ್ಕೆ ಒಯ್ಯುತ್ತೇನೆ, ನೂರನೆಯ ಮೆಟ್ಟಿಲು, ಪರದೆಯ ಮೇಲೆ ಅವರ ಕೈ ಚಾಚುತ್ತದೆ, ಮೆಟ್ಟಿಲ ಕಂಬಿ ಹುಡುಕುತ್ತಿದ್ದರು ಅಂದುಕೊಂಡಿದ್ದರು ಎಲ್ಲರೂ, ಕಂಬಿ ಇದ್ದದ್ದು ಎಡಕ್ಕೆ, ಕೈ ಬಂದದ್ದು ಹಿಂದಕ್ಕೆ, ನನ್ನ ಕಡೆಗೆ, ಮತ್ತೆ ಒಯ್ಯುತ್ತೇನೆ, ಕೈ, ಐದೂ ಬೆರಳು ಬಿಚ್ಚಿದ ಕೈ, ಮತ್ತೆ, ಕೈ —