ಕಮ್ಮಾರನ ತಿರುವು

ಬಂಡಿ ಹತ್ತುವ ಮುಂಚೆ ಒಬ್ಬರ ಕೆನ್ನೆಗೆ ಒಬ್ಬರು ಬಾರಿಸುವುದು ಡೊರೀನ್ ಉಹ್ಲಿಗ್ ಮತ್ತು ಅನೆಟ್ ಫ್ರಿಚೆಯ ಪದ್ಧತಿ. ಹೆಲ್ಮೆಟ್ ಹಾಕುವ ಮೊದಲು ಇಬ್ಬರೂ ಎದುರುಬದುರು ನಿಲ್ಲುವರು. ಮೊದಲ ಏಟು ಅನೆಟ್‌ಳದು, ಎರಡನೆಯದು ಡೊರೀನ್‌ಳದು. ಮೆಲ್ಲಗೆ ತಟ್ಟಿದರೆ ನಡೆಯದು, ಕಿವಿ ಗುಂಯ್ ಎನ್ನಬೇಕು. ಐಸಿನ ಓಣಿಯಲ್ಲಿ ಜಾರಿ ಇಳಿಯುವ ಬಾಬ್ ಬಂಡಿಯವರು ಹೆಚ್ಚಿನವರು ತೊಡೆ ಭುಜ ಬಡಿದುಕೊಂಡೇ ಮೈ ಬಿಸಿ ಮಾಡಿಕೊಳ್ಳುತ್ತಾರೆ. ಆದರೆ ಈ ಇಬ್ಬರ ಏಟು ನೋಡಲೆಂದೇ ಜನ ಸಾಸೇಜ್ ಕಚ್ಚುತ್ತಾ ಮೇಲಿನ ಬೇಲಿಯವರೆಗೂ ಹತ್ತಿ ಬರುತ್ತಿದ್ದರು.

ಡೊರೀನ್ ಪೈಲಟ್. ಮುಂದೆ ಕೂತು, ಹಗ್ಗಕ್ಕೆ ಕಟ್ಟಿದ ಎರಡು ಬಳೆ ಹಿಡಿದು ಬಂಡಿ ತಿರುಗಿಸುವವಳು. ಅನೆಟ್ ಹಿಂದಿನವಳು. ಗೂಳಿಯ ಹಾಗೆ ತಳ್ಳಬೇಕು, ಓಡುತ್ತಲೇ ಹಾರಿ ಕೂರಬೇಕು, ಮುಖವನ್ನು ಮಂಡಿಗಳ ನಡುವೆ ಹುದುಗಿಸಬೇಕು, ಗೆರೆ ದಾಟಿದ ಮೇಲೆ ಬ್ರೇಕ್ ಎಳೆಯಬೇಕು. ನಡುವೆ ಅವಳಿಗೆ ಏನೂ ಕಾಣುವುದಿಲ್ಲ. ಬಸ್ಸಿಗಿಂತ ಜೋರಾಗಿ ಹೋಗುವ ಡಬ್ಬಿಯೊಳಗೆ ಕಣ್ಣು ಮುಚ್ಚಿ ಕೂತು, ಮುಂದಿನವಳ ಎರಡು ಕೈಗಳಿಗೆ ತನ್ನ ಕತ್ತನ್ನು ಒಪ್ಪಿಸುವ ಕೆಲಸ ಅದು. ಇಂಥ ಕೆಲಸಕ್ಕೂ ಹುಡುಗಿಯರು ಮುಗಿಬೀಳುತ್ತಾರೆ, ಏನು ಹೇಳೋಣ.

ಡೊರೀನ್ ಹುಟ್ಟಿದ್ದು ಇದೇ ಎರ್ಟ್ಸ್ ಬೆಟ್ಟಸಾಲಿನಲ್ಲಿ, ತವರದ ಗಣಿಯಲ್ಲಿ ದುಡಿಯುತ್ತಿದ್ದವನ ಮಗಳಾಗಿ. ಗಣಿ ಮುಚ್ಚಿದ ವರ್ಷ ಅಪ್ಪ ಅವಳನ್ನು ಐಸಿನ ಓಣಿಯ ಬಾಯಿಗೆ ಕರೆದೊಯ್ದು ಸಣ್ಣ ಜಾರುಬಂಡಿಯ ಮೇಲೆ ಮಲಗಿಸಿದ. "ಕೆಳಗೆ ಹೋಗಿ ಅತ್ತರೆ ಸಾಯಂಕಾಲ ಸೂಪಿಲ್ಲ," ಎಂದ. ಅವಳು ಎರಡು ಹಲ್ಲು ಉದುರಿಸಿಕೊಂಡು ಕೆಳಗೆ ತಲುಪಿದಳು, ಅಳಲಿಲ್ಲ, ಮತ್ತೆ ಹತ್ತಿ ಬಂದಳು. ಅಲ್ಲಿಂದ ಮುಂದೆ ಅವಳ ಬದುಕೆಲ್ಲ ಹೊಡೆತವೇ. ಕೊರಳೆಲುಬು ಮುರಿಯಿತು, ಪಕ್ಕೆಲುಬು ಮುರಿಯಿತು. ಬಂಡಿ ಮಗುಚಿ ಐಸಿನ ಮೇಲೆ ಎಳೆದಾಡಿ ಎಡ ಭುಜದ ಚರ್ಮ ಹೋಯಿತು, ಅಲ್ಲಿ ಈಗಲೂ ಕಲೆಯಿದೆ. ಅವಳೂ ಹೊಡೆದಳು. ಬಂಡಿಯಡಿಯ ಉಕ್ಕಿನ ಜಾರುಪಟ್ಟಿ ಮುಟ್ಟಿದ ಮೆಕ್ಯಾನಿಕ್‌ಗೆ ಹೊಡೆದಳು, "ಹೆಂಗಸರಿಗೇಕೆ ಬಾಬ್" ಎಂದ ಪತ್ರಕರ್ತನ ಕನ್ನಡಕ ಒಡೆದಳು. ಅನೆಟ್ ಜೊತೆಯಾಗುವ ಮುಂಚೆಯೇ ಎರಡು ಸಲ ವಿಶ್ವ ಚಾಂಪಿಯನ್ ಆದಳು, ಒಮ್ಮೆ ಒಲಿಂಪಿಕ್ಸ್ ಚಿನ್ನ ಗೆದ್ದಳು.

ಆ ಒಲಿಂಪಿಕ್ಸ್ ಚಿನ್ನದ ಬಂಡಿಯಲ್ಲಿ ಅನೆಟ್ ಇರಲಿಲ್ಲ. ಓಟಕ್ಕೆ ಮೂರು ವಾರ ಮೊದಲು ಡೊರೀನ್ ಅವಳನ್ನು ಕೆಳಗಿಳಿಸಿ, ಕೂದಲೆಳೆಯಷ್ಟು ಹೆಚ್ಚು ಜೋರಾಗಿ ತಳ್ಳುತ್ತಿದ್ದ ಡ್ರೆಸ್ಡೆನ್‌ನ ಓಟಗಾರ್ತಿಯೊಬ್ಬಳನ್ನು ಕೂರಿಸಿಕೊಂಡಳು. ಬಾಬ್‌ನಲ್ಲಿ ಇದು ಮಾಮೂಲು. ಹಿಂದಿನವಳನ್ನು ಆರಿಸುವುದು ಗಡಿಯಾರ, ಸ್ನೇಹ ಅಲ್ಲ. ಅನೆಟ್ ಮರುವರ್ಷ ವಾಪಸು ಬಂದಳು. ಆದರೆ ಅವಳ ಹೊಟ್ಟೆಯಲ್ಲಿ ಬೆಂಕಿ ಇದೆ ಎಂದು ಊರೆಲ್ಲ ನಂಬಿತ್ತು, ಡೊರೀನ್ ಕೂಡ.

ಈಗ ವಿಶ್ವ ಚಾಂಪಿಯನ್‌ಶಿಪ್ ಅವರದೇ ಊರಿನ ಐಸಿನ ಓಣಿಯಲ್ಲೇ. ಡೊರೀನ್‌ಳ ಕೊನೆಯ ಸ್ಪರ್ಧೆ, ಅನೆಟ್‌ಳದೂ ಕೊನೆಯದೇ. ಡೊರೀನ್‌ಗೆ ಮೂರನೇ ಕಿರೀಟ ಬೇಕು, ಅಪ್ಪನ ಗಣಿಯ ಪಕ್ಕದಲ್ಲೇ ಬೇಕು. ಅನೆಟ್‌ಗೆ ಬದುಕಿನ ಮೊದಲ ಚಿನ್ನ.

ಶುಕ್ರವಾರ, ಕೊನೆಯ ಅಭ್ಯಾಸದ ಓಟದಲ್ಲಿ ಬಂಡಿ ಕಮ್ಮಾರನ ತಿರುವಿನಲ್ಲಿ ಮಗುಚಿತು. ಹಿಂದೆ ಅಲ್ಲಿ ಕುಲುಮೆಯಿತ್ತಂತೆ, ಅದಕ್ಕೆ ಆ ಹೆಸರು. ಬಂಡಿಗಳು ಅಲ್ಲಿ ತಿನ್ನುವ ಏಟಿಗೂ ಒಪ್ಪುವ ಹೆಸರೇ. ಡೊರೀನ್‌ಳ ತಲೆ ಗೋಡೆಗೆ ಬಡಿಯಿತು, ಬಂಡಿ ತಿರುಗಿ ಬಿತ್ತು, ಮತ್ತೆ ಬಡಿಯಿತು. ಕೆಳಗಿನವರೆಗೂ ಹೆಲ್ಮೆಟ್ ಐಸನ್ನು ಕೆರೆಯುತ್ತಾ ಹೋಯಿತು. ಹಿಂದೆ ಅನೆಟ್ ಕಿರುಚುತ್ತಿದ್ದುದು ಮಾತ್ರ ಡೊರೀನ್‌ಗೆ ನೆನಪಿದೆ. ಬಂಡಿ ನಿಂತಾಗ ಅನೆಟ್‌ಳ ಬೆನ್ನಿನ ಬಟ್ಟೆ ಸುಟ್ಟು, ಚರ್ಮ ಸುಲಿದು, ರಕ್ತ ಸೊಂಟದವರೆಗೆ ಇಳಿದಿತ್ತು. ಡೊರೀನ್ ಎದ್ದು, ವಾಂತಿ ಮಾಡಿ, ಬಾಯಿ ಒರೆಸಿಕೊಂಡು "ಜಾರುಪಟ್ಟಿ ಸರಿಯಿದೆಯಾ ನೋಡಿ," ಎಂದಳು.

ತಲೆ ಪರೀಕ್ಷಿಸಲು ತಂಡದ ಡಾಕ್ಟರ್ ಬಂದರು. ಐದು ಪದ ಹೇಳಿ, ಸ್ವಲ್ಪ ಹೊತ್ತು ಬಿಟ್ಟು ಕೇಳುತ್ತಾರೆ. ಕಿಟಕಿ, ಬೆಣ್ಣೆ, ಸೂಜಿ, ಕುದುರೆ, ಗಂಟೆ. ಈ ಸಾಲು ಡೊರೀನ್‌ಗೆ ಹಿಂದೆ ಬಿದ್ದಾಗಲೇ ಬಾಯಿಪಾಠವಾಗಿತ್ತು. ಬಾಬ್‌ನವರೆಲ್ಲ ಆ ಪದಗಳನ್ನು ಒಬ್ಬರಿಗೊಬ್ಬರು ಹೇಳಿಕೊಟ್ಟು, ಬೀರ್ ಕುಡಿಯುತ್ತಾ ಹಾಡಿನ ಹಾಗೆ ಹೇಳಿ ನಗುತ್ತಾರೆ. ಎಂಥ ಜಾಣರು! ಡೊರೀನ್ ತಿಂಗಳುಗಳನ್ನು ಡಿಸೆಂಬರಿನಿಂದ ಹಿಂದಕ್ಕೆ ಹೇಳಿದಳು, ಒಂಟಿ ಕಾಲಲ್ಲಿ ನಿಂತಳು. ಡಾಕ್ಟರ್ ಅವಳ ಬೆನ್ನು ತಟ್ಟಿ ಕಳಿಸಿದರು.

ಶನಿವಾರ ಮಧ್ಯಾಹ್ನ ಸ್ಪರ್ಧೆಗೆ ಮುಂಚೆ ಮೇಲಿನ ಕೊಠಡಿಯಲ್ಲಿ ಡೊರೀನ್ ಕೈಯಲ್ಲಿ ಓಣಿ ಇಳಿದಳು. ಪೈಲಟ್‌ಗಳೆಲ್ಲ ಮಾಡುವುದೇ ಇದು. ಕಣ್ಣು ಮುಚ್ಚಿ, ಮುಷ್ಟಿ ಎರಡೂ ಮುಂದಿಟ್ಟು, ಮನಸ್ಸಿನಲ್ಲಿ ಒಂದೊಂದೇ ತಿರುವು ಓಡಿಸುತ್ತಾ ಹಗ್ಗ ಎಳೆದ ಹಾಗೆ ಕೈ ಆಡಿಸುವುದು. ಬೆನ್ನ ಹಿಂದೆ ಅನೆಟ್ ಅವಳ ಸೊಂಟ ಹಿಡಿದು, ತಲೆ ತಗ್ಗಿಸಿ ನಿಂತಿರುತ್ತಾಳೆ. ವರ್ಷಗಟ್ಟಲೆ ಹೀಗೆಯೇ ನಿಂತವಳು, ಮುಂದಿನವಳ ಕೈ ಆಡಿದ್ದು ಅವಳಿಗೆ ಸೊಂಟದಲ್ಲೇ ತಿಳಿಯುತ್ತದೆ.

"ಇನ್ನೊಂದ್ಸಲ ಮಾಡು," ಅಂದಳು ಅನೆಟ್.

ಡೊರೀನ್ ಮತ್ತೆ ಮಾಡಿದಳು.

"ಇನ್ನೊಂದ್ಸಲ."

"ಏನೇ ನಿಂದು? ಇಲ್ಲೇನು ಡ್ಯಾನ್ಸ್ ಕ್ಲಾಸಾ?"

ಅನೆಟ್ ಮುಂದೆ ಬಂದು ನಿಂತಳು. ಮುಖ ಬಿಳಿಚಿತ್ತು. "ಡೊರೀನ್, ಸೇತುವೆ ತಿರುವು ಆದ್ಮೇಲೆ ನೀನು ಸೀದಾ ಚಕ್ರದ ತಿರುವಿಗೆ ಹೋಗ್ತಿದ್ದೀಯ. ಎರಡು ಸಲಾನೂ. ಕಮ್ಮಾರ ಬರ್ತಾನೇ ಇಲ್ಲ."

"ತಲೆ ಕೆಟ್ಟಿದ್ಯಾ? ಹಳೇ ಗಣಿ, ಜೋಡಿ, ಸೇತುವೆ, ಕಮ್ಮಾರ, ಚಕ್ರ, ಇಳಿಜಾರು. ಇನ್ನೇನು ಬೇಕು, ನಮ್ಮಪ್ಪನ ಹೆಸರೂ ಹೇಳ್ಲಾ?"

"ಬಾಯಿ ಹೇಳುತ್ತೆ ಕಣೇ. ಕೈ ಮಾಡ್ತಿಲ್ಲ. ಎರಡೂ ಒಟ್ಟಿಗೆ ಮಾಡು ನೋಡೋಣ. ಹೆಸರು ಹೇಳ್ತಾ ತಿರುಗಿಸು."

ಡೊರೀನ್‌ಗೆ ಉರಿಯಿತು. ನಿನ್ನೆಯಿಂದ ತಲೆಯೊಳಗೆ ಯಾರೋ ಮೊಳೆ ಹೊಡೆಯುತ್ತಿದ್ದರು, ಬೆಳಕು ಕಣ್ಣಿಗೆ ಚುಚ್ಚುತ್ತಿತ್ತು. ಅದನ್ನು ಯಾರಿಗೂ ಹೇಳಿರಲಿಲ್ಲ. ಮನಸ್ಸಿನ ಮೂಲೆಯಲ್ಲಿ ಗಾಜಿನ ಚೂರಿನಂತೆ ಏನೋ ಒಂದು ಭಯ ಇತ್ತು, ಅದನ್ನು ಮುಟ್ಟಿದವಳು ಇವಳು. "ನಿಂಗೆ ಭಯ. ಬೆನ್ನು ಸುಲಿದಿದ್ದೇ ತಡ, ಪುಕ್ಕಲಿ ಆಗ್ಬಿಟ್ಟೆ. ಹೇಳ್ಬಿಡು, ಬೇರೆಯವಳನ್ನ ಕೂರಿಸ್ಕೊಳ್ತೀನಿ. ಒಂದ್ಸಲ ಮಾಡಿದ್ದೀನಿ, ಇನ್ನೊಂದ್ಸಲ ಮಾಡೋಕೆ ಗೊತ್ತು."

"ಮಾಡು. ಅವಳನ್ನೂ ಸಾಯಿಸು," ಎಂದಳು ಅನೆಟ್.

ಡೊರೀನ್ ಅವಳ ಹೊಟ್ಟೆಗೆ ಗುದ್ದಿದಳು. ಅನೆಟ್ ಬಗ್ಗಿ, ಉಸಿರು ಸಿಗದೆ ಬೆಂಚು ಹಿಡಿದಳು. ಸುಧಾರಿಸಿಕೊಂಡು ನೆಟ್ಟಗೆ ಟ್ರೇನರ್ ಲೋಟಾರ್ ಬಳಿ ಹೋದಳು. ಬಾಗಿಲ ಸಂದಿಯಿಂದ ಡೊರೀನ್‌ಗೆ ಎಲ್ಲ ಕೇಳಿಸಿತು.

"ಅವಳನ್ನ ಓಣಿಗೆ ಬಿಡ್ಬೇಡಿ ಲೋಟಾರ್. ಅವಳ ಕೈಗೆ ಕಮ್ಮಾರ ಮರೆತುಹೋಗಿದೆ."

"ಡಾಕ್ಟರ್ ಸರಿಯಿದ್ದಾಳೆ ಅಂದಿದ್ದಾರೆ."

"ಡಾಕ್ಟರ್ ಓಣಿ ಇಳಿದಿದ್ದಾರಾ?"

"ನೋಡು ಮಗಳೇ," ಲೋಟಾರ್ ದನಿ ಇಳಿಸಿದ, "ಹಳೇದನ್ನ ಇವತ್ತು ಕೆದಕ್ಬೇಡ. ಅವಳು ಅವತ್ತು ನಿಂಗೆ ಮಾಡಿದ್ದು ತಪ್ಪೇ. ಆದ್ರೆ ಸೇಡು ತೀರಿಸ್ಕೊಳ್ಳೋ ದಿನ ಇದಲ್ಲ. ಹೋಗು, ಶೂ ಕಟ್ಕೋ."

ಡೊರೀನ್ ಒಳಗೊಳಗೇ ನಕ್ಕಳು. ಆ ನಗುವಿಗೆ ತಲೆ ಸಿಡಿಯಿತು.

ಅವರ ಸರದಿ ಬಂತು. ಡೋಲು, ದನದ ಗಂಟೆ, ಬಿಸಿ ವೈನಿನ ವಾಸನೆ, ಬೇಲಿಯುದ್ದಕ್ಕೂ ಅವಳ ಹೆಸರು ಕೂಗುವ ಊರಿನ ಜನ. ಬಂಡಿಯನ್ನು ಐಸಿನ ಮೇಲಿಟ್ಟರು. ಹಸಿರು ದೀಪ ಹೊತ್ತಿತು. ಹೊತ್ತಿದ ಮೇಲೆ ಒಂದು ನಿಮಿಷದೊಳಗೆ ಹೊರಡಬೇಕು, ಇಲ್ಲದಿದ್ದರೆ ಸ್ಪರ್ಧೆಯಿಂದಲೇ ಔಟ್. ಅಷ್ಟರಲ್ಲಿ ಕೆನ್ನೆಯ ಏಟೂ ಮುಗಿಯಬೇಕು, ಹೆಲ್ಮೆಟ್ಟೂ ಆಗಬೇಕು. ಇಬ್ಬರೂ ಎದುರುಬದುರು ನಿಂತರು. ಕ್ಯಾಮೆರಾ ಹತ್ತಿರ ಬಂತು.

"ಹೊಡಿಯೇ, ನಿನ್ನ ಸೇಡು ತೀರಲಿ," ಎಂದಳು ಡೊರೀನ್.

ಅನೆಟ್‌ಳ ಕಣ್ಣಲ್ಲಿ ನೀರಿತ್ತು. ಅವಳು ಅಂಗೈ ಎತ್ತಲಿಲ್ಲ, ಮುಷ್ಟಿ ಎತ್ತಿದಳು.

ಮೊದಲ ಗುದ್ದು ಮೂಗಿಗೆ ಬಿತ್ತು. ಜನ ಹೋ ಎಂದು ಕುಣಿದರು, ಇವತ್ತು ಜೋರಾಗಿದೆ ಎಂದುಕೊಂಡರು. ಎರಡನೆಯದು ದವಡೆಗೆ. ಡೊರೀನ್ ಮಂಡಿಯೂರಿ, ಬಲಗೈ ಐಸಿನ ಮೇಲೆ ಊರಿದಳು. ಅನೆಟ್ ಆ ಕೈಯ ಮೇಲೆ ಕಾಲಿಟ್ಟು ತುಳಿದಳು. ಬಾಬ್ ಶೂ ಎಂದರೆ ಅಡಿಯಲ್ಲಿ ಐಸು ಕಚ್ಚಲೆಂದು ಸೂಜಿಗಳನ್ನೇ ಬೆಳೆಸಿದ ಶೂ. ಎಲುಬು ಮುರಿದ ಸದ್ದು ಡೊರೀನ್‌ಗೆ ಗದ್ದಲದ ನಡುವೆಯೂ ಕೇಳಿಸಿತು. ಐಸು ಕೆಂಪಾಯಿತು.

ಡೋಲು ನಿಂತಿತು.

ಡೊರೀನ್ ನೋವಿಗೆ ಕೂಗಲಿಲ್ಲ, ಸಿಟ್ಟಿಗೆ ಕೂಗಿದಳು. ಎಡಗೈಯಿಂದ ಅನೆಟ್‌ಳ ಜಡೆ ಹಿಡಿದು ಜಗ್ಗಿ ಕೆಡವಿದಳು, ಅವಳ ಮೇಲೆ ಬಿದ್ದಳು, ಕಿವಿ ಕಚ್ಚಿದಳು. ಬಾಯಿಗೆ ರಕ್ತದ ಉಪ್ಪು ಬಂತು. ಅನೆಟ್ ತಿರುಗಿ ಹೊಡೆಯಲಿಲ್ಲ. ಎರಡೂ ತೋಳುಗಳಿಂದ ಅವಳನ್ನು ಬಿಗಿಯಾಗಿ ತಬ್ಬಿ, ಕಾಲುಗಳನ್ನು ಕಾಲಿಗೆ ಹೆಣೆದು, ಐಸಿಗೆ ಅಂಟಿಕೊಂಡು ಮಲಗಿಬಿಟ್ಟಳು. ಸುಲಿದ ಬೆನ್ನು ಐಸಿಗೆ ಉಜ್ಜುತ್ತಿತ್ತು. ಡೊರೀನ್ ಮಂಡಿಯಿಂದ ಒದ್ದಳು, ಹಣೆಯಿಂದ ಗುದ್ದಿದಳು. "ಬಿಡೇ! ಬಿಡೇ ನನ್ನ! ಒಂದು ಕೈಲಿ ಇಳಿತೀನಿ!" ಅಧಿಕಾರಿಗಳು, ಲೋಟಾರ್, ಎಲ್ಲರೂ ಜಗ್ಗಿದರು. ತೋಳು ಬಿಡಿಸಲಾಗಲಿಲ್ಲ. ವರ್ಷವಿಡೀ ಇನ್ನೂರು ಕಿಲೋದ ಬಂಡಿ ತಳ್ಳಿದ ತೋಳುಗಳವು. ದೀಪ ಹಸಿರಿನಿಂದ ಕೆಂಪಿಗೆ ತಿರುಗಿದ ಮೇಲೆ ಅನೆಟ್ ತಾನಾಗಿಯೇ ಸಡಿಲಿಸಿದಳು.

ಊರು ಅನೆಟ್‌ಗೆ ಉಗಿಯಿತು. ನಿಜವಾಗಿಯೂ ಉಗಿಯಿತು, ಬೇಲಿಯಾಚೆಯಿಂದ. ಸಾಸೇಜ್ ತುಂಡು, ವೈನಿನ ಲೋಟ ಎಲ್ಲ ಅವಳ ಮೇಲೆ ಬಿದ್ದವು. ಅವಳು ನಮ್ಮೂರಿನವಳು ಎಂದು ಅಷ್ಟು ವರ್ಷ ಬೀಗಿದ ಮಂದಿ ಇವರೇ. ಡೊರೀನ್ ಸ್ಟ್ರೆಚರ್ ಮೇಲಿಂದ ಅದನ್ನು ಕಣ್ತುಂಬ ನೋಡಿದಳು, ಹಾಯೆನಿಸಿತು.

ಮಾರನೆಯ ದಿನ ಮಧ್ಯಾಹ್ನ ಅನೆಟ್ ಆಸ್ಪತ್ರೆಗೆ ಬಂದಳು. ಕಿವಿಗೆ ಹೊಲಿಗೆ ಬಿದ್ದಿತ್ತು. ಡೊರೀನ್ ಎಡಗೈಗೆ ಸಿಕ್ಕ ನೀರಿನ ಹೂಜಿ ಎತ್ತಿ ಎಸೆದಳು. ಅನೆಟ್ ತಪ್ಪಿಸಿಕೊಳ್ಳಲಿಲ್ಲ. ಹುಬ್ಬು ಒಡೆದು ರಕ್ತ ಕಣ್ಣಿಗಿಳಿಯಿತು.

"ಸಮಾಧಾನ ಆಯ್ತಾ?" ಎಂದು ಡೊರೀನ್ ಅರಚಿದಳು. "ನನ್ನ ಚಿನ್ನಾನೂ ಹೋಯ್ತು, ನಿಂದೂ ಹೋಯ್ತು. ಇಷ್ಟು ವರ್ಷ ಕಾದಿದ್ದು ಇದಕ್ಕಾ ನಾಯಿ?"

"ನಂಗೂ ಬೇಕಿತ್ತು ಕಣೇ ಚಿನ್ನ," ಅನೆಟ್ ಬಟ್ಟೆಯ ತುದಿಯಿಂದ ಕಣ್ಣು ಒರೆಸಿಕೊಂಡಳು. "ನಿಂಗೆ ಎರಡಿತ್ತು, ಮೂರಿತ್ತು. ನಂಗೆ ಅದೊಂದೇ. ಒಂದೇ ಒಂದು ಸಲ ಹೆಸರು ಹೇಳ್ತಾ ಕೈ ತಿರುಗಿಸು. ಸರಿಯಾಗಿ ಮಾಡಿದ್ರೆ ಪೊಲೀಸರಿಗೆ ಫೋನ್ ಮಾಡು, ನಾನೇ ಬಾಗಿಲಲ್ಲಿ ಕಾಯ್ತೀನಿ."

"ಮಾಡ್ತೀನಿ. ಆಮೇಲೆ ನಿನ್ನ ಮುಖ ನಂಗೆ ತೋರಿಸ್ಬೇಡ."

ಡೊರೀನ್ ಎದ್ದು ಕೂತು ಕಣ್ಣು ಮುಚ್ಚಿದಳು. ಬ್ಯಾಂಡೇಜಿನ ಕೈಯನ್ನೂ ಸರಿಯಿದ್ದ ಕೈಯನ್ನೂ ಮುಂದಿಟ್ಟಳು. ಅನೆಟ್ ಮಂಚ ಹತ್ತಿ ಹಿಂದೆ ಕೂತು, ಸೊಂಟ ಹಿಡಿದು, ಹಣೆಯನ್ನು ಅವಳ ಬೆನ್ನಿಗೆ ಒತ್ತಿದಳು.

"ಹಳೇ ಗಣಿ," ಡೊರೀನ್‌ಳ ಕೈ ಬಲಕ್ಕೆ ಎಳೆಯಿತು. "ಜೋಡಿ," ಎಡಕ್ಕೆ, ಥಟ್ಟನೆ ಬಲಕ್ಕೆ. "ಸೇತುವೆ," ಮೆಲ್ಲಗೆ ಬಲಕ್ಕೆ, ಬಿಟ್ಟಿತು. "ಕಮ್ಮಾರ."

ಕೈ ಅಲ್ಲಾಡಲಿಲ್ಲ.

"ಕಮ್ಮಾರ," ಎಂದಳು ಮತ್ತೆ. ಕೈಗಳು ಗಾಳಿಯಲ್ಲಿ ನಿಂತಿದ್ದವು. ಕಣ್ಣೊಳಗೆ ಓಣಿ ಇತ್ತು. ಸೇತುವೆಯ ನೆರಳು ಇತ್ತು. ಅದರಾಚೆ ಬರೀ ಬಿಳುಪು, ಅದರಾಚೆ ಚಕ್ರ. ಹುಡುಗಿಯಾಗಿದ್ದಾಗಿನಿಂದ ಎಷ್ಟು ಸಾವಿರ ಸಲ ಇಳಿದ ತಿರುವು, ಎಡಗಡೆಗೋ ಬಲಗಡೆಗೋ ಗೊತ್ತಿಲ್ಲ. ಬೇಲಿಯಾಚೆಯ ಜನ, ಹಸಿರು ದೀಪ, ತಾನು ಹಾರಿ ಕೂತು ಇಳಿದಿದ್ದರೆ ಆಗುತ್ತಿದ್ದುದು, ಹಿಂದೆ ಮಂಡಿಗಳ ನಡುವೆ ಮುಖ ಹುದುಗಿಸಿ ಕೂತಿರುತ್ತಿದ್ದವಳು, ಎಲ್ಲ ಒಟ್ಟಿಗೇ ಕಣ್ಣಿಗೆ ಕಟ್ಟಿತು.

"ಅನೆಟ್," ಎಂದಳು, ಮಗುವಿನ ದನಿಯಲ್ಲಿ. "ಎಡಕ್ಕಾ? ಬಲಕ್ಕಾ?"

"ನಂಗೇನು ಕಾಣುತ್ತೆ ಅಲ್ಲಿ? ನನ್ನ ಬಲಗಿವಿ ಬಂಡಿಗೆ ಬಡಿಯುತ್ತೆ. ಅಂದ್ರೆ ಎಡಕ್ಕೆ."

ಡೊರೀನ್ ಕೈ ಇಳಿಸಿದಳು. ಹೊಲಿಗೆ ಬಿದ್ದಿದ್ದು ಅದೇ ಬಲಗಿವಿ. ಹಲ್ಲು ಉದುರಿದಾಗಲೂ ಅಳದವಳು ಬಿಕ್ಕಿ ಬಿಕ್ಕಿ ಅತ್ತಳು, ಮೂಗಿನ ಬ್ಯಾಂಡೇಜು ಒದ್ದೆಯಾಗುವಷ್ಟು ಅತ್ತಳು. ಅನೆಟ್ ಸೊಂಟ ಬಿಡಲಿಲ್ಲ, ಐಸಿನ ಮೇಲೆ ಹಿಡಿದ ಹಾಗೆಯೇ ಹಿಡಿದುಕೊಂಡಿದ್ದಳು.

ಬಹಳ ಹೊತ್ತಿನ ಮೇಲೆ ಡೊರೀನ್ ಅವಳ ಕಡೆ ತಿರುಗಿ ಕೂತಳು. ಮುಖ ಒರೆಸಿಕೊಂಡು ಎಡಗೈ ಎತ್ತಿದಳು.

"ನನ್ನ ಸರದಿ ಬಾಕಿ ಇತ್ತಲ್ವಾ?"

"ಇತ್ತು," ಎಂದು ಅನೆಟ್ ಕೆನ್ನೆ ಕೊಟ್ಟಳು.

ಡೊರೀನ್‌ಳ ಅಂಗೈ ಆ ಕೆನ್ನೆಯ ಮೇಲೆ ಹೋಗಿ ಕೂತಿತು. ಹೊಡೆಯಲು ಅವಳಿಗೆ ಬರಲಿಲ್ಲ.