ಉಂಗುಷ್ಠ ಕಿತ್ತ ಚಪ್ಪಲಿ

ನನ್ನ ಮಾನ ಹೋದ ಕತೆಯನ್ನು ನಾನಾಗಿ ಹೇಳುವ ಅಗತ್ಯವೇನೂ ಇರಲಿಲ್ಲ. ಆದರೆ ನನ್ನ ಹೆಂಡತಿ ವಸಂತಲಕ್ಷ್ಮಿ ಅದನ್ನು ಈಗಾಗಲೇ ನಾಲ್ಕು ಮನೆಗಳಲ್ಲಿ ಹೇಳಿ ನಗಿಸಿ ಬಂದಿದ್ದಾಳೆ. ಅವಳಿಗೆ ಗೊತ್ತಿರುವುದು ಅರ್ಧ ಮಾತ್ರ. ಉಳಿದರ್ಧವೇ ನನ್ನನ್ನು ಕೊರೆಯುತ್ತಿರುವುದು.

ನಾವು ನೆಲೆಸಿರುವ ಅಮೆರಿಕದ ಬಾತೆಲ್‌ನಲ್ಲಿ ಅವಳು ಭಾನುವಾರದ ಕನ್ನಡ ತರಗತಿ ನಡೆಸುತ್ತಾಳೆ. ಅಲ್ಲಿಗೆ ಬರುವ ಮಕ್ಕಳಿಗೆಲ್ಲ ಕನ್ನಡ ಅರ್ಥವಾಗುತ್ತದೆ, ಬಾಯಿ ತೆರೆದರೆ ಮಾತ್ರ ಇಂಗ್ಲಿಷ್. ಅವಕ್ಕೆ ಹೇಗಾದರೂ ಒಂದೂವರೆ ಗಂಟೆ ಕನ್ನಡ ಕೇಳಿಸಲೇಬೇಕೆಂದು ಅವಳೊಂದು ಉಪಾಯ ಹೂಡಿದಳು. ಮಾತೇ ಇಲ್ಲದ ಹಳೆಯ ಜಪಾನಿ ಹಾಸ್ಯಚಿತ್ರವೊಂದನ್ನು ಹಾಕುವುದು. ಆ ಕಾಲದಲ್ಲಿ ಅಲ್ಲಿ ಪರದೆಯ ಪಕ್ಕ ಒಬ್ಬ ನಿಂತು ಎಲ್ಲ ಪಾತ್ರಗಳ ಮಾತನ್ನೂ ತಾನೇ ಆಡುತ್ತಿದ್ದನಂತೆ.

"ನೀವು ಕಾಲೇಜಲ್ಲಿ ಮಿಮಿಕ್ರಿ ಮಾಡ್ತಿದ್ರಲ್ಲ? ನೀವೇ ಮಾತಾಡಿ, ಕನ್ನಡದಲ್ಲಿ," ಎಂದಳು.

ಕಾಲೇಜಿನ ಹೆಸರೆತ್ತಿದರೆ ನಾನು ಯಾವ ಹಳ್ಳಕ್ಕಾದರೂ ಬೀಳುತ್ತೇನೆ. ಒಪ್ಪಿಕೊಂಡೆ.

ಆವತ್ತು ಹಾಲ್‌ನಲ್ಲಿ ಮೂವತ್ತು ಮಕ್ಕಳು, ಅವರ ಅಪ್ಪ ಅಮ್ಮಂದಿರು. ಮುಂದಿನ ಸಾಲಿನಲ್ಲಿ ನನ್ನ ಮಗಳು ಮೈತ್ರಿ, ಹತ್ತು ವರ್ಷದವಳು. ಪಕ್ಕದಲ್ಲಿ ಮಗನನ್ನು ತೊಡೆಯ ಮೇಲೆ ಕೂರಿಸಿಕೊಂಡ ತನ್ಮಯ. ಈ ತನ್ಮಯ ನನ್ನ ಮ್ಯಾನೇಜರ್. ಬೆಂಗಳೂರಿನವನೇ, ನನಗಿಂತ ಒಂಬತ್ತು ವರ್ಷ ಚಿಕ್ಕವನು, ಹತ್ತಿರದ ಇಸ್ಸಾಕ್ವಾದ ಗುಡ್ಡದ ಮೇಲೆ ದೊಡ್ಡ ಮನೆ. ಪ್ರತಿ ಶನಿವಾರ ಬೆಳಿಗ್ಗೆ ನಾವಿಬ್ಬರೂ ಬ್ಯಾಡ್ಮಿಂಟನ್ ಆಡುತ್ತೇವೆ, ಮೈತ್ರಿ ಕುರ್ಚಿಯಲ್ಲಿ ಕೂತು ಪಾಯಿಂಟ್ ಕೂಗುತ್ತಾಳೆ. ನಾನು ಯೂನಿವರ್ಸಿಟಿ ತಂಡದಲ್ಲಿ ಆಡಿದವನೆಂದು ಅವಳಿಗೆ ಗೊತ್ತು. ಆದರೂ ಇವನೆದುರು ವಾರ ವಾರವೂ ಸೋಲುವುದು ಯಾಕೆಂದು ಕೇಳಿದಾಗ, "ತನ್ಮಯ ಅಂಕಲ್ ತುಂಬಾ ಚೆನ್ನಾಗಿ ಆಡ್ತಾರೆ ಪುಟ್ಟಿ," ಎಂದಿದ್ದೆ. ಆಫೀಸಿನಲ್ಲಿ ಜನರನ್ನು ಕೆಲಸದಿಂದ ತೆಗೆಯುತ್ತಾರೆ ಎಂಬ ಸುದ್ದಿ ಹಬ್ಬಿ ಆಗ ಮೂರು ತಿಂಗಳಾಗಿತ್ತು.

ಚಿತ್ರ ಶುರುವಾಯಿತು. ಒಬ್ಬ ಬಡಪಾಯಿ ಗುಮಾಸ್ತ, ಅಪ್ಪನೇ ಜಗತ್ತಿನ ಶೂರ ಎಂದು ನಂಬಿದ ಅವನ ಪುಟ್ಟ ಮಗ. ಗುಮಾಸ್ತನಿಗೆ ಗೊಗ್ಗರು ದನಿ, ಮಗನಿಗೆ ಕೀಚಲು ದನಿ, ನಾಯಿಗೂ ಒಂದು ದನಿ ಕೊಟ್ಟೆ. ಮಕ್ಕಳು ಬಿದ್ದು ಬಿದ್ದು ನಕ್ಕವು. ನನ್ನ ಮಗಳು ಹಿಂದೆ ತಿರುಗಿ, ಇವನು ನಮ್ಮಪ್ಪ ಎಂಬಂತೆ ಎಲ್ಲರನ್ನೂ ನೋಡಿದಳು. ಆ ಮುಖವನ್ನು ನಾನು ಮರೆಯುವುದಿಲ್ಲ.

ಆಮೇಲೆ ಶಾಲೆಯ ಆಟೋಟದ ದಿನ ಬಂತು. ಅಪ್ಪಂದಿರ ಓಟದ ಪಂದ್ಯ. ಗುಮಾಸ್ತ ಎಲ್ಲರಿಗಿಂತ ಮುಂದಿದ್ದಾನೆ. ತಿರುಗಿ ನೋಡುತ್ತಾನೆ, ಹಿಂದೆ ಏದುಸಿರು ಬಿಡುತ್ತ ಬರುತ್ತಿರುವವನು ಅವನ ಸಾಹೇಬ! ಗುಮಾಸ್ತನ ಕಾಲು ನಿಧಾನವಾಗಿ, ನಿಂತೇ ಹೋಗುತ್ತದೆ. ಸಾಹೇಬ ಗೆಲ್ಲುತ್ತಾನೆ. ಗುಮಾಸ್ತ ಬಗ್ಗಿ ಬಗ್ಗಿ ನಮಸ್ಕರಿಸುತ್ತಾನೆ. ಮಗ ಬಂದು, ಯಾಕಪ್ಪ ನಿಂತುಬಿಟ್ಟೆ ಎಂದು ಕೇಳುತ್ತಾನೆ.

ಅಪ್ಪನ ಉತ್ತರ ಪರದೆಯ ಮೇಲೆ ಅಕ್ಷರಗಳಲ್ಲಿ ಮೂಡಿತು: ಅವರು ನನ್ನ ಸಾಹೇಬರು, ಅವರೇ ಗೆಲ್ಲಬೇಕು.

ನನ್ನ ಕಣ್ಣು ತನ್ನಷ್ಟಕ್ಕೆ ತನ್ಮಯನ ಕಡೆ ಹೋಯಿತು. ಅವನು ನನ್ನನ್ನೇ ನೋಡುತ್ತಿದ್ದ.

"ಓಡ್ತಾ ಓಡ್ತಾ ಚಪ್ಪಲಿ ಉಂಗುಷ್ಠ ಕಿತ್ತೋಯ್ತು ಮಗಾ," ಎಂದುಬಿಟ್ಟೆ.

ಚಿಕ್ಕಂದಿನಲ್ಲಿ ಅಜ್ಜಿಗೆ ಟೀವಿಯ ಹಿಂದಿ ಸಿನಿಮಾದ ಅರ್ಥ ಹೇಳುತ್ತಿದ್ದವನು ನಾನು. ಹೇಳಬಾರದ ಮಾತು ಬಂದರೆ ಬೇರೆ ಏನೋ ಹೇಳಿ ದಾಟಿಸುತ್ತಿದ್ದೆ, ಅಜ್ಜಿ ನಂಬುತ್ತಿದ್ದಳು. ಅದೇ ಅಭ್ಯಾಸ. ಜಪಾನಿ ಅಕ್ಷರಗಳ ಕೆಳಗೆ ಇಂಗ್ಲಿಷೂ ಇತ್ತು, ಎದುರಿಗೆ ಕೂತಿದ್ದು ಅಜ್ಜಿಯಲ್ಲ ಎಂಬುದು ತಲೆಗೆ ಹೋಗಲೇ ಇಲ್ಲ.

"ಅಪ್ಪಾ, ದಟ್ಸ್ ನಾಟ್ ವಾಟ್ ಇಟ್ ಸೇಸ್!" ಮೈತ್ರಿ ಎದ್ದು ನಿಂತಿದ್ದಳು. ನನಗೆ ಸಹಾಯ ಮಾಡುವ ಉತ್ಸಾಹ ಅವಳದು. "ಇಟ್ ಸೇಸ್ ಹೀ ಈಸ್ ಮೈ ಬಾಸ್!"

ಹಾಲ್‌ಗೆ ಹಾಲೇ ಗೊಳ್ಳೆಂದಿತು.

"ಏನ್ ಚಕ್ರಪಾಣಿ, ನಂಗೆ ಕಳ್ಸೋ ರಿಪೋರ್ಟೂ ಹಿಂಗೇ ಬರೀತೀರಾ?" ಎಂದ ತನ್ಮಯ.

ಎಲ್ಲರಿಗಿಂತ ಜೋರಾಗಿ ನಕ್ಕವನು ನಾನು. ಅಷ್ಟೇ ಆಗಿದ್ದರೆ ಬದುಕಿಕೊಳ್ಳುತ್ತಿದ್ದೆ. ನಗುತ್ತಲೇ ಎರಡೂ ಕೈ ಜೋಡಿಸಿ ಅವನಿಗೆ ಬಗ್ಗಿದೆ. ಪಕ್ಕದ ಪರದೆಯ ಮೇಲೆ ಗುಮಾಸ್ತನೂ ಇನ್ನೊಮ್ಮೆ ಬಗ್ಗುತ್ತಿದ್ದ. ಮೈತ್ರಿ ನನ್ನನ್ನು ನೋಡಿದಳು, ಪರದೆಯನ್ನು ನೋಡಿದಳು, ಮೆಲ್ಲಗೆ ಕೂತಳು.

ವಸಂತಲಕ್ಷ್ಮಿಗೆ ಗೊತ್ತಿರುವುದು ಇಷ್ಟೇ. ಅವಳು ಕುರ್ಚಿ ಎತ್ತಿಡಲು ಹಿಂದೆ ಉಳಿದಳು, ನಾನು ಮಗಳನ್ನು ಕೂರಿಸಿಕೊಂಡು ಹೊರಟೆ. ಸಿಗ್ನಲ್‌ನಲ್ಲಿ ಕಾರು ನಿಂತಾಗ, ಎಂದೂ ಕನ್ನಡದಲ್ಲಿ ಉತ್ತರ ಕೊಡದವಳು ಕನ್ನಡದಲ್ಲಿ ಕೇಳಿದಳು.

"ಅಪ್ಪ, ಶನಿವಾರ ನಿನ್ ಚಪ್ಪಲಿನೂ ಕಿತ್ತೋಗುತ್ತಾ?"

ಹಸಿರು ದೀಪ ಬಂದರೂ ನಾನು ಕಾರು ಬಿಡಲಿಲ್ಲ. ಹಿಂದಿನವನು ಹಾರ್ನ್ ಹೊಡೆದ. ಇಲ್ಲಿ ಯಾರೂ ಸುಮ್ಮಸುಮ್ಮನೆ ಹಾರ್ನ್ ಹೊಡೆಯುವುದಿಲ್ಲ.

ಮುಂದಿನ ಶನಿವಾರ, ಕೆಲಸ ಹೋದರೆ ಹೋಗಲಿ ಎಂದುಕೊಂಡೇ ಕೋರ್ಟಿಗಿಳಿದೆ. ಶೂ ಲೇಸಿಗೆ ಎರಡೆರಡು ಗಂಟು ಹಾಕಿದೆ. ಹೊಟ್ಟೆಯೊಳಗಿನ ಸಿಟ್ಟನ್ನೆಲ್ಲ ಹಾಕಿ ಆಡಿದೆ. ಇಪ್ಪತ್ತು ಹತ್ತೊಂಬತ್ತಕ್ಕೆ ನಾನೇ ಮುಂದಿದ್ದಾಗ ಶಟಲ್ ತಲೆಯ ಮೇಲೆ ಎತ್ತರಕ್ಕೆ ಬಂತು. ಹಾರಿ ಹೊಡೆದೆ. ನೆಟ್ಟಿಗೆ ಬಡಿಯಿತು. ಮುಂದಿನ ಎರಡು ಪಾಯಿಂಟೂ ಹೋದವು. ಅವನೆದುರು ಮೊದಲ ಸಲ ನಿಜವಾಗಿ ಆಡಿ ನಿಜವಾಗಿ ಸೋತಿದ್ದೆ.

ಏದುಸಿರಿನಲ್ಲೇ ಮೈತ್ರಿಯ ಬಳಿ ಹೋಗಿ, "ಇವತ್ತು ನಿಜವಾಗ್ಲೂ ಟ್ರೈ ಮಾಡ್ದೆ ಕಣೇ, ದೇವರಾಣೆ," ಎಂದೆ. ಅವಳು ನನ್ನ ಮುಖ ನೋಡಲಿಲ್ಲ.

ತನ್ಮಯ ಬೆವರು ಒರೆಸಿಕೊಳ್ಳುತ್ತ ಬಂದ. "ಏನಮ್ಮ, ಲಾಸ್ಟ್‌ನಲ್ಲಿ ನಿಮ್ಮಪ್ಪಂಗೆ ಏನಾಯ್ತು?"

ಮೈತ್ರಿ ನನ್ನ ಕಾಲಿನ ಕಡೆ ಒಮ್ಮೆ ನೋಡಿದಳು. ಎರಡೂ ಲೇಸು ಕಟ್ಟಿದ ಹಾಗೇ ಇದ್ದವು.

"ಅಪ್ಪಂದು ಶೂ ಲೇಸ್ ಬಿಚ್ಚೋಯ್ತು ಅಂಕಲ್," ಎಂದಳು, ನಗುತ್ತ.